ಬಿಪಿ ವಿಪರೀತ ಏರಿದಾಗ ಯಾವ ಕೋಡ್? ತೀವ್ರ ರಕ್ತದೊತ್ತಡದ ಡಯಾಗ್ನೋಸಿಸ್ ಕೋಡಿಂಗ್, ಹಂತ ಹಂತವಾಗಿ

ಚಾರ್ಟ್ ತೆರೆದ ಕೂಡಲೇ ಕಣ್ಣಿಗೆ ಬೀಳುವುದು 224/128 ಎಂಬ ಅಂಕಿ. ಹೊಸ ಕೋಡರ್ (ಚಾರ್ಟ್ ಓದಿ ಕಾಯಿಲೆಗಳಿಗೆ ಕೋಡ್ ಹಾಕುವವರು) ಆದರೆ ಕೈ ತಾನಾಗಿಯೇ ಹೈಪರ್‌ಟೆನ್ಸಿವ್ ಎಮರ್ಜೆನ್ಸಿಯ ಕೋಡ್ ಆದ ಐ16.1 ಕಡೆ ಹೋಗುತ್ತದೆ. ಇಷ್ಟು ಬಿಪಿ ಇದ್ದರೆ ಎಮರ್ಜೆನ್ಸಿ ಅಲ್ಲದೆ ಇನ್ನೇನು ಅಂತ ಅನ್ನಿಸುವುದು ಸಹಜ. ಆದರೆ ಅಲ್ಲೇ ಸ್ವಲ್ಪ ತಡೆಯಿರಿ. ಮೀಟರ್ ತೋರಿಸಿದ ಅಂಕಿಗೆ ಕೋಡ್ ಇಲ್ಲ, ವೈದ್ಯರು ಬರೆದ ಡಯಾಗ್ನೋಸಿಸ್‌ಗೆ ಮಾತ್ರ ಕೋಡ್ ಇದೆ. ಮುಂದಿನ ಎಲ್ಲ ಹಂತಗಳೂ ಈ ಒಂದು ಮಾತಿನ ಮೇಲೆ ನಿಂತಿವೆ.

ಇಲ್ಲಿ ಹೇಳುತ್ತಿರುವುದು ಕಾಯಿಲೆಗಳಿಗೆ ಕೋಡ್ ಕೊಡುವ ಅಮೆರಿಕದ ಐಸಿಡಿ-10-ಸಿಎಂ ಪದ್ಧತಿಯ ಬಗ್ಗೆ. ಇದು ಅಲ್ಲಿ ಜಾರಿಗೆ ಬಂದದ್ದು 2015ರ ಅಕ್ಟೋಬರ್ 1ರಂದು. ವಿಶ್ವ ಆರೋಗ್ಯ ಸಂಸ್ಥೆಯ ಮೂಲ ಐಸಿಡಿ-10ರಲ್ಲಿ ಹೈಪರ್‌ಟೆನ್ಸಿವ್ ಕ್ರೈಸಿಸ್‌ಗೆ, ಅಂದರೆ ಬಿಪಿ ವಿಪರೀತ ಏರಿದ ಬಿಕ್ಕಟ್ಟಿಗೆ, ಇರುವ ಐ16 ಎಂಬ ಗುಂಪೇ ಇಲ್ಲ. ಅಮೆರಿಕದವರು ತಮ್ಮ ಆವೃತ್ತಿಗೆ ಇದನ್ನು 2016ರ ಅಕ್ಟೋಬರ್ 1ರಿಂದ ಸೇರಿಸಿಕೊಂಡರು. ಐಸಿಡಿ-11ರಲ್ಲಿ ಹೈಪರ್‌ಟೆನ್ಸಿವ್ ಕ್ರೈಸಿಸ್‌ಗೆ ಬಿಎ03 ಎಂಬ ಬೇರೆಯದೇ ಕೋಡ್ ಇದೆ. ಹಾಗಾಗಿ ನಿಮ್ಮ ಮುಂದಿರುವ ಚಾರ್ಟ್ ಯಾವ ಪದ್ಧತಿಯದು ಅಂತ ಮೊದಲು ನೋಡಿಕೊಳ್ಳಿ.

ಇನ್ನೊಂದು ಸಣ್ಣ ಮಾತು. ಈ ಕೋಡ್‌ಗಳ ಮೊದಲ ಗುರುತು ಇಂಗ್ಲಿಷ್ ಅಕ್ಷರ. ಅಲ್ಲಿರುವ ಐ ಅಕ್ಷರವನ್ನು ಒಂದು ಅಂತಲೂ, ಗರ್ಭಿಣಿಯರ ಕೋಡ್‌ಗಳಲ್ಲಿ ಬರುವ ಓ ಅಕ್ಷರವನ್ನು ಸೊನ್ನೆ ಅಂತಲೂ ಟೈಪ್ ಮಾಡಿ ವಿಮೆಯ ಕ್ಲೇಮ್ ವಾಪಸ್ ಬರುವುದು ಉಂಟು. ನೋಡಲು ಒಂದೇ ಥರ ಇರುತ್ತವೆ, ಸಿಸ್ಟಮ್ ಮಾತ್ರ ಒಪ್ಪುವುದಿಲ್ಲ.

ಹಂತ 1: ಅಂಕಿ ಬಿಡಿ, ಡಯಾಗ್ನೋಸಿಸ್ ಹುಡುಕಿ

ನರ್ಸ್ ಬರೆದ ವೈಟಲ್ಸ್ ಹಾಳೆಯಲ್ಲಿ 200ರ ಮೇಲೆ ಬಿಪಿ ಇದ್ದರೂ ಅದರಿಂದ ಡಯಾಗ್ನೋಸಿಸ್ ಕೋಡ್ ಹುಟ್ಟುವುದಿಲ್ಲ. ಬಿಎಂಐ, ಸ್ಟ್ರೋಕ್ ಸ್ಕೋರ್, ಪ್ರೆಶರ್ ಅಲ್ಸರ್‌ನ ಹಂತ ಮುಂತಾದ ಕೆಲವನ್ನು ನರ್ಸ್ ಅಥವಾ ಇತರ ಸಿಬ್ಬಂದಿಯ ಬರಹದಿಂದ ತೆಗೆದುಕೊಳ್ಳಬಹುದು ಎಂದು ನಿಯಮ ಇದೆ. ರಕ್ತದೊತ್ತಡ ಆ ಪಟ್ಟಿಯಲ್ಲಿ ಇಲ್ಲ. ಚಿಕಿತ್ಸೆ ಕೊಟ್ಟ ವೈದ್ಯರು, ಅಥವಾ ಡಯಾಗ್ನೋಸಿಸ್ ಮಾಡುವ ಅಧಿಕಾರ ಇರುವ ಇತರ ಪ್ರೊವೈಡರ್, ಬಾಯಿಬಿಟ್ಟು ಬರೆದಿರಬೇಕು.

ಎಲ್ಲಿ ಹುಡುಕಬೇಕು? ತುರ್ತು ವಿಭಾಗದ ನೋಟ್, ಎಚ್ ಆಂಡ್ ಪಿ (ರೋಗಿಯ ಹಿನ್ನೆಲೆ ಮತ್ತು ದೇಹ ಪರೀಕ್ಷೆಯ ಬರಹ), ಪ್ರೋಗ್ರೆಸ್ ನೋಟ್‌ಗಳ ಅಸೆಸ್‌ಮೆಂಟ್ ಭಾಗ, ಕೊನೆಗೆ ಡಿಸ್ಚಾರ್ಜ್ ಸಮ್ಮರಿ. ತುರ್ತು ವಿಭಾಗದ ವೈದ್ಯರು ಎಮರ್ಜೆನ್ಸಿ ಎಂದು ಬರೆದು, ಅಡ್ಮಿಟ್ ಮಾಡಿಕೊಂಡ ವೈದ್ಯರು ಅರ್ಜೆನ್ಸಿ ಎಂದು ಬರೆದಿದ್ದರೆ ನಿಮಗೆ ಇಷ್ಟ ಬಂದದ್ದನ್ನು ಆರಿಸಬೇಡಿ. ಎರಡು ಮಾತು ಬಂದಾಗ ಅಟೆಂಡಿಂಗ್ ವೈದ್ಯರನ್ನೇ, ಅಂದರೆ ರೋಗಿಯ ಮುಖ್ಯ ಹೊಣೆ ಹೊತ್ತವರನ್ನೇ, ಕೇಳಬೇಕು.

ಎಲ್ಲೂ ಹೈಪರ್‌ಟೆನ್ಷನ್ ಎಂಬ ಮಾತೇ ಇಲ್ಲ, ಸುಮ್ನೆ ‘ಬಿಪಿ ಜಾಸ್ತಿ ಇದೆ, ಗಮನಿಸುತ್ತೇವೆ’ ಅಂತ ಇದೆ ಅಂದುಕೊಳ್ಳಿ. ಆಗ ಆರ್03.0. ಕಾಯಿಲೆ ಇದೆ ಎಂದು ನಿರ್ಧಾರ ಆಗದೆ, ಅಳತೆ ಮಾತ್ರ ಏರಿದ್ದಕ್ಕೆ ಇರುವ ಕೋಡ್ ಇದು. ಹೈಪರ್‌ಟೆನ್ಷನ್ ಡಯಾಗ್ನೋಸಿಸ್ ಮೊದಲೇ ಇರುವವರಿಗೆ ಇದನ್ನು ಹಾಕುವಂತಿಲ್ಲ.

ಹಾಗೆಯೇ, ಹೈಪರ್‌ಟೆನ್ಷನ್ ಎಂಬ ಪದ ಕಂಡ ಕೂಡಲೇ ಇದೇ ಅಧ್ಯಾಯಕ್ಕೆ ಓಡಬೇಡಿ. ಪಲ್ಮನರಿ ಹೈಪರ್‌ಟೆನ್ಷನ್ ಐ27ಕ್ಕೆ ಹೋಗುತ್ತದೆ, ಪೋರ್ಟಲ್ ಹೈಪರ್‌ಟೆನ್ಷನ್ ಕೆ76.6ಕ್ಕೆ. ಅವು ಬೇರೆಯೇ ಕಾಯಿಲೆಗಳು.

ಹಂತ 2: ಅರ್ಜೆನ್ಸಿಯೋ, ಎಮರ್ಜೆನ್ಸಿಯೋ?

ಐ16ರ ಕೆಳಗೆ ಮೂರೇ ಕೋಡ್‌ಗಳು. ಹೈಪರ್‌ಟೆನ್ಸಿವ್ ಅರ್ಜೆನ್ಸಿಗೆ ಐ16.0, ಹೈಪರ್‌ಟೆನ್ಸಿವ್ ಎಮರ್ಜೆನ್ಸಿಗೆ ಐ16.1, ಬರೀ ಹೈಪರ್‌ಟೆನ್ಸಿವ್ ಕ್ರೈಸಿಸ್ ಎಂದಷ್ಟೇ ಬರೆದಿದ್ದರೆ ಐ16.9.

ವೈದ್ಯರ ಲೆಕ್ಕದಲ್ಲಿ ಮೊದಲೆರಡರ ವ್ಯತ್ಯಾಸ ಇಷ್ಟು. ಬಿಪಿ 180/120 ದಾಟಿದೆ, ಆದರೆ ಅಂಗಾಂಗಕ್ಕೆ ಹೊಸದಾಗಿ ಪೆಟ್ಟಾಗಿಲ್ಲ ಅಂದರೆ ಅದು ಅರ್ಜೆನ್ಸಿ. ಅಷ್ಟೇ ಬಿಪಿ ಇದ್ದು ಮೆದುಳು, ಹೃದಯ, ಕಿಡ್ನಿ, ಕಣ್ಣು, ಮಹಾಪಧಮನಿ ಇವುಗಳಲ್ಲಿ ಯಾವುದಕ್ಕಾದರೂ ಆಗಲೇ ಹಾನಿ ಶುರುವಾಗಿದ್ದರೆ ಎಮರ್ಜೆನ್ಸಿ. ಸ್ಟ್ರೋಕ್, ಹಾರ್ಟ್ ಅಟ್ಯಾಕ್, ಶ್ವಾಸಕೋಶದಲ್ಲಿ ನೀರು ತುಂಬುವುದು, ಮಹಾಪಧಮನಿಯ ಪದರ ಸೀಳುವುದು, ಕಿಡ್ನಿ ಹಠಾತ್ತನೆ ಸೋಲುವುದು ಇವೆಲ್ಲ ಆ ಹಾನಿಯ ರೂಪಗಳು.

ಇದನ್ನು ತಿಳಿದುಕೊಂಡಿರಬೇಕಾದದ್ದು ಚಾರ್ಟ್ ಅರ್ಥ ಮಾಡಿಕೊಳ್ಳಲು, ನೀವೇ ಡಯಾಗ್ನೋಸಿಸ್ ಮಾಡಲು ಅಲ್ಲ. ಚಾರ್ಟ್‌ನಲ್ಲಿ ಬಿಪಿ 230, ಜೊತೆಗೆ ಕಿಡ್ನಿ ಪೆಟ್ಟು ಎಲ್ಲ ಇದ್ದರೂ ವೈದ್ಯರು ಎಮರ್ಜೆನ್ಸಿ ಎನ್ನದಿದ್ದರೆ ಐ16.1 ಇಲ್ಲ, ಕ್ವೆರಿ (ಸ್ಪಷ್ಟನೆ ಕೇಳಿ ವೈದ್ಯರಿಗೆ ಬರೆಯುವ ಪ್ರಶ್ನೆ) ಕಳಿಸಬೇಕು. ಉಲ್ಟಾ ಸಂದರ್ಭವೂ ಇದೆ. ವೈದ್ಯರು ಎಮರ್ಜೆನ್ಸಿ ಎಂದು ಬರೆದಿದ್ದಾರೆ, ಆದರೆ ಯಾವ ಅಂಗಕ್ಕೂ ಏನೂ ಆದಂತೆ ಕಾಣುವುದಿಲ್ಲ. ಕೋಡಿಂಗ್ ನಿಯಮದ ಪ್ರಕಾರ ವೈದ್ಯರ ಹೇಳಿಕೆಯೇ ಕೋಡ್‌ಗೆ ಆಧಾರ, ಹಾಗಾಗಿ ಕೋಡ್ ಐ16.1. ಆದರೂ ಅದನ್ನು ಹಾಗೇ ಬಿಟ್ಟರೆ ಮುಂದೆ ಆಡಿಟರ್ ಹಿಡಿಯುತ್ತಾರೆ. ಕ್ಲಿನಿಕಲ್ ವ್ಯಾಲಿಡೇಷನ್‌ಗೆ, ಅಂದರೆ ಡಯಾಗ್ನೋಸಿಸ್‌ಗೆ ಚಾರ್ಟ್‌ನಲ್ಲಿ ಆಧಾರ ಇದೆಯಾ ಎಂಬ ಪರಿಶೀಲನೆಗೆ, ಕಳಿಸುವುದು ಜಾಣತನ.

ಹಳೆಯ ಪದಗಳ ತೊಡಕು ಒಂದಿದೆ. ಕೆಲವು ವೈದ್ಯರು ಈಗಲೂ ‘ಮ್ಯಾಲಿಗ್ನೆಂಟ್ ಹೈಪರ್‌ಟೆನ್ಷನ್’ ಅಥವಾ ‘ಆಕ್ಸಿಲರೇಟೆಡ್ ಹೈಪರ್‌ಟೆನ್ಷನ್’ ಎಂದು ಬರೆಯುತ್ತಾರೆ. ಕೇಳಿದರೆ ಭಯ ಆಗುತ್ತದೆ. ಐಸಿಡಿ-9ರಲ್ಲಿ ಮ್ಯಾಲಿಗ್ನೆಂಟ್‌ಗೆ 401.0 ಎಂದು ಪ್ರತ್ಯೇಕ ಕೋಡ್ ಕೂಡ ಇತ್ತು. ಈಗ ಇಂಡೆಕ್ಸ್‌ನಲ್ಲಿ (ಕೋಡ್ ಪುಸ್ತಕದ ಅಕಾರಾದಿ ಪಟ್ಟಿಯಲ್ಲಿ) ಎರಡೂ ನೇರವಾಗಿ ಐ10ಕ್ಕೆ ಹೋಗುತ್ತವೆ, ಅಂದರೆ ಸಾಮಾನ್ಯ ಬಿಪಿ ಕಾಯಿಲೆಯ ಕೋಡ್‌ಗೇ. ನನ್ನ ಮಟ್ಟಿಗೆ ಇದು ಈ ಪದ್ಧತಿಯ ದೊಡ್ಡ ಕೊರತೆ. ರೋಗಿ ಐಸಿಯುನಲ್ಲಿದ್ದರೂ, ಆ ಹಳೆಯ ಪದದಿಂದಾಗಿ, ಕೋಡ್‌ನಲ್ಲಿ ಮಾಮೂಲಿ ಬಿಪಿಯವರ ಸಾಲಿಗೆ ಸೇರುತ್ತಾರೆ.

ಹೊಸ ತೊಡಕು ಇನ್ನೂ ಸ್ವಾರಸ್ಯಕರ. ಅಮೆರಿಕದ ಹೃದ್ರೋಗ ಸಂಸ್ಥೆಗಳ 2025ರ ಮಾರ್ಗಸೂಚಿ ‘ಅರ್ಜೆನ್ಸಿ’ ಎಂಬ ಪದವನ್ನೇ ಕೈಬಿಟ್ಟು, ಅಂಗಾಂಗ ಹಾನಿ ಇಲ್ಲದವರಿಗೆ ‘ಸಿವಿಯರ್ ಹೈಪರ್‌ಟೆನ್ಷನ್’ ಎನ್ನುತ್ತದೆ. ಅರ್ಜೆನ್ಸಿ ಎಂದ ಕೂಡಲೇ ಅವಸರದಲ್ಲಿ ಬಿಪಿ ಇಳಿಸಲು ಹೋಗುವ ಅಪಾಯ ಇದೆ, ಅಷ್ಟು ಅವಸರ ಬೇಕಿಲ್ಲ ಎಂಬುದು ವೈದ್ಯರ ವಾದ. ವಾದ ಸರಿಯೇ. ಆದರೆ ಕೋಡ್ ಪುಸ್ತಕದಲ್ಲಿ ಐ16.0ರ ಹೆಸರು ಅರ್ಜೆನ್ಸಿ. ವೈದ್ಯರು ‘ಸಿವಿಯರ್ ಹೈಪರ್‌ಟೆನ್ಷನ್’ ಎಂದು ಮಾತ್ರ ಬರೆದರೆ, ಎರಡೂ ಒಂದೇ ಎಂದು ನೀವೇ ತೀರ್ಮಾನಿಸಿ ಐ16.0 ಹಾಕುವಂತಿಲ್ಲ. ಸಿವಿಯರ್ ಎಂಬ ವಿಶೇಷಣಕ್ಕೆ ಬೇರೆ ಕೋಡ್ ಇಲ್ಲ, ಐ10 ಅಷ್ಟೇ. ಬೇಕಿದ್ದರೆ ಕ್ವೆರಿ.

ಹಂತ 3: ಅಡಿಯಲ್ಲಿರುವ ಬಿಪಿ ಕಾಯಿಲೆಯ ಕೋಡ್ ಮರೆಯಬೇಡಿ

ಐ16ರ ಕೆಳಗೆ ‘ಗುರುತಿಸಿದ ಹೈಪರ್‌ಟೆನ್ಸಿವ್ ಕಾಯಿಲೆಯನ್ನೂ ಕೋಡ್ ಮಾಡಿ’ ಎಂಬ ಸೂಚನೆ ಇದೆ. ಐ16 ಹೇಳುವುದು ಆ ಹೊತ್ತಿನ ಬಿಕ್ಕಟ್ಟನ್ನು. ರೋಗಿಗೆ ಇರುವ ಕಾಯಿಲೆ ಯಾವ ಬಗೆಯದು ಎಂಬುದನ್ನು ಐ10ರಿಂದ ಐ15ರವರೆಗಿನ ಕೋಡ್ ಹೇಳುತ್ತದೆ. ಎರಡೂ ಬೇಕು.

ಇಲ್ಲಿ ಜಾಸ್ತಿ ಗಮನ ಕೊಡಬೇಕಾದ್ದು ಹೃದಯ ಮತ್ತು ಕಿಡ್ನಿಗೆ. ರೋಗಿಗೆ ಬಿಪಿ ಇದೆ, ಹಾರ್ಟ್ ಫೇಲ್ಯೂರ್ ಕೂಡ ಇದೆ ಎಂದರೆ ವೈದ್ಯರು ‘ಬಿಪಿಯಿಂದ ಬಂದದ್ದು’ ಎಂದು ಬರೆಯದಿದ್ದರೂ ಎರಡಕ್ಕೂ ಸಂಬಂಧ ಇದೆ ಎಂದೇ ಕೋಡಿಂಗ್ ನಿಯಮ ಭಾವಿಸುತ್ತದೆ. ದೀರ್ಘಕಾಲದ ಕಿಡ್ನಿ ಕಾಯಿಲೆ, ಅಂದರೆ ಸಿಕೆಡಿಗೂ ಹಾಗೆಯೇ. ಸಂಬಂಧ ಇಲ್ಲ ಎಂದು ವೈದ್ಯರು ಸ್ಪಷ್ಟವಾಗಿ ಬರೆದಾಗ ಮಾತ್ರ ಬಿಡಿಸಿ ಕೋಡ್ ಮಾಡಬೇಕು.

ಬಿಪಿ ಜೊತೆ ಹಾರ್ಟ್ ಫೇಲ್ಯೂರ್ ಇದ್ದರೆ ಐ11.0, ಅದರ ಹಿಂದೆ ಫೇಲ್ಯೂರ್ ಯಾವ ಬಗೆ ಎಂದು ಹೇಳುವ ಐ50 ಗುಂಪಿನ ಕೋಡ್. ಬಿಪಿ ಜೊತೆ ಸಿಕೆಡಿ ಇದ್ದರೆ ಐ12: ಒಂದರಿಂದ ನಾಲ್ಕನೇ ಹಂತದವರೆಗೆ ಐ12.9, ಐದನೇ ಹಂತ ಅಥವಾ ಕೊನೆಯ ಹಂತವಾದರೆ ಐ12.0. ಹಿಂದೆ ಎನ್18 ಗುಂಪಿನ ಕೋಡ್ ಕಡ್ಡಾಯ. ಮೂರೂ ಒಟ್ಟಿಗೆ ಇದ್ದರೆ ಐ11, ಐ12 ಎರಡನ್ನೂ ಹಾಕದೆ ಐ13ಕ್ಕೆ ಹೋಗಬೇಕು. ಹಾರ್ಟ್ ಫೇಲ್ಯೂರ್ ಜೊತೆ ಒಂದರಿಂದ ನಾಲ್ಕನೇ ಹಂತದ ಸಿಕೆಡಿ ಇದ್ದರೆ ಐ13.0, ಐದನೇ ಅಥವಾ ಕೊನೆಯ ಹಂತವಾದರೆ ಐ13.2. ಇದ್ಯಾವುದೂ ಇಲ್ಲದಿದ್ದರೆ ಐ10.

ಈ ‘ಸಂಬಂಧ ಇದೆ ಎಂದು ಭಾವಿಸು’ ಎಂಬ ನಿಯಮವನ್ನು ಎಲ್ಲದಕ್ಕೂ ಎಳೆಯುವವರು ಇದ್ದಾರೆ. ಹೃದಯದ ಕಾಯಿಲೆಗಳಲ್ಲಿ ಅದು ಐ50, ಐ51.4ರಿಂದ ಐ51.7, ಐ51.89 ಮತ್ತು ಐ51.9ಕ್ಕೆ ಸೀಮಿತ. ಹೃದಯದ ರಕ್ತನಾಳ ಕಟ್ಟಿಕೊಳ್ಳುವುದು, ಎಟ್ರಿಯಲ್ ಫಿಬ್ರಿಲೇಷನ್ ಇವು ಅದರಲ್ಲಿ ಬರುವುದಿಲ್ಲ. ಕಿಡ್ನಿಯಲ್ಲೂ ಸಿಕೆಡಿಗೆ ಮಾತ್ರ. ಹಠಾತ್ ಕಿಡ್ನಿ ಪೆಟ್ಟು, ಅಂದರೆ ಎಕೆಐ, ಇದ್ದರೆ ಎನ್17 ಗುಂಪಿನ ಕೋಡ್ ಪ್ರತ್ಯೇಕವಾಗಿ ಬರುತ್ತದೆ. ಅದೊಂದರಿಂದ ಐ12 ಆಗುವುದಿಲ್ಲ.

ಬಿಪಿಗೆ ಬೇರೆ ಕಾಯಿಲೆಯೇ ಕಾರಣ ಎಂದು ವೈದ್ಯರು ಬರೆದಿದ್ದರೆ ಐ15. ಕಿಡ್ನಿಯ ರಕ್ತನಾಳ ಕಿರಿದಾಗಿ ಬಂದದ್ದಾದರೆ ಐ15.0, ಹಾರ್ಮೋನ್ ಗ್ರಂಥಿಯ ತೊಂದರೆಯಿಂದ ಬಂದದ್ದಾದರೆ ಐ15.2. ಮೂಲ ಕಾಯಿಲೆಗೂ ಕೋಡ್ ಬೇಕು. ಹಲವು ಔಷಧಿ ಕೊಟ್ಟರೂ ಇಳಿಯದ ಬಿಪಿಗೆ 2023ರ ಅಕ್ಟೋಬರ್‌ನಿಂದ ಐ1ಎ.0 ಎಂಬ ಕೋಡ್ ಇದೆ. ಇದನ್ನು ಮೊದಲಿಗೆ ಹಾಕುವಂತಿಲ್ಲ, ಮುಂದೆ ಬಿಪಿಯ ಬಗೆ ಹೇಳುವ ಕೋಡ್ ಇರಲೇಬೇಕು. ಔಷಧಿ ಪಟ್ಟಿಯಲ್ಲಿ ಮಾತ್ರೆಗಳನ್ನು ಎಣಿಸಿ ನೀವೇ ರೆಸಿಸ್ಟೆಂಟ್ ಎಂದು ನಿರ್ಧರಿಸುವಂತೆಯೂ ಇಲ್ಲ.

ಹಂತ 4: ಹಾನಿಯಾದ ಅಂಗಕ್ಕೆ ಕೋಡ್

ಎಮರ್ಜೆನ್ಸಿ ಎಂದು ಬರೆದ ಮೇಲೆ ಯಾವ ಅಂಗಕ್ಕೆ ಏನಾಗಿದೆ ಎಂಬುದಕ್ಕೂ ಕೋಡ್ ಬೇಕು. ಐ16.1 ಒಂದೇ ಅದನ್ನು ಹೇಳುವುದಿಲ್ಲ. ಬಿಪಿಯಿಂದ ಮೆದುಳು ಊದಿಕೊಂಡು ಗೊಂದಲ, ಫಿಟ್ಸ್ ಬಂದು ವೈದ್ಯರು ಹೈಪರ್‌ಟೆನ್ಸಿವ್ ಎನ್ಸೆಫಲೋಪತಿ ಎಂದರೆ ಐ67.4. ಮೆದುಳಿನ ರಕ್ತನಾಳದ ಕಾಯಿಲೆಗಳಲ್ಲಿ ಐ60ರಿಂದ ಐ69ರ ಕೋಡ್ ಮೊದಲು, ಬಿಪಿ ಕೋಡ್ ಆಮೇಲೆ. ಕಣ್ಣಿನ ರೆಟಿನೋಪತಿಗೆ ಎಚ್35.03 ಗುಂಪು. ಬಲಗಣ್ಣು, ಎಡಗಣ್ಣು, ಎರಡೂ ಎಂದು ಕೊನೆಯ ಅಂಕಿ ಬದಲಾಗುತ್ತದೆ. ಮಹಾಪಧಮನಿ ಸೀಳಿದ್ದರೆ ಐ71.0 ಗುಂಪು. ಹೃದಯಕ್ಕೆ ರಕ್ತದ ಬೇಡಿಕೆ ಹೆಚ್ಚಾಗಿ ಆದ ಎರಡನೇ ಬಗೆಯ ಹಾರ್ಟ್ ಅಟ್ಯಾಕ್‌ಗೆ ಐ21.ಎ1, ಅದರ ಕಾರಣದ ಕೋಡ್ ಅದಕ್ಕಿಂತ ಮುಂದೆ ಬರಬೇಕು.

ತಲೆನೋವು, ಉಸಿರುಗಟ್ಟುವುದು ಇಂಥ ಲಕ್ಷಣಗಳು ಖಚಿತವಾದ ಕಾಯಿಲೆಯ ಭಾಗವೇ ಆಗಿದ್ದರೆ ಪ್ರತ್ಯೇಕ ಕೋಡ್ ಬೇಡ. ಹಾರ್ಟ್ ಫೇಲ್ಯೂರ್‌ನಿಂದ ಶ್ವಾಸಕೋಶದಲ್ಲಿ ನೀರು ತುಂಬಿದ್ದರೆ ಅದಕ್ಕೂ ಬೇರೆ ಕೋಡ್ ಇಲ್ಲ, ಐ50ರಲ್ಲೇ ಅಡಗಿದೆ.

ಹಂತ 5: ಮಾತ್ರೆ ಬಿಟ್ಟಿದ್ದರಾ ಅಂತ ನೋಡಿ

ಬಿಪಿ ಹೀಗೆ ಏರಿದವರ ಚಾರ್ಟ್‌ಗಳಲ್ಲಿ ಈ ಸಾಲು ಬಹಳ ಸಲ ಸಿಗುತ್ತದೆ: ಮಾತ್ರೆ ಮುಗಿದಿತ್ತು, ಮತ್ತೆ ಕೊಂಡಿಲ್ಲ. ಕೋಡರ್‌ಗಳು ಬಹಳ ಸಲ ಇದನ್ನು ಓದಿ ಮುಂದೆ ಹೋಗಿಬಿಡುತ್ತಾರೆ. ಹೋಗಬಾರದು, ಇದಕ್ಕೆ ಎರಡು ಕೋಡ್‌ಗಳಿವೆ. ಮೊದಲನೆಯದು ಯಾವ ಔಷಧಿ ಕಡಿಮೆ ಆಯಿತು ಎಂಬುದಕ್ಕೆ. ಲಿಸಿನೊಪ್ರಿಲ್ ಥರದ ಎಸಿಇ ಇನ್‌ಹಿಬಿಟರ್‌ಗೆ ಟಿ46.4ಎಕ್ಸ್6ಎ, ಅಮ್ಲೋಡಿಪಿನ್ ಥರದ ಕ್ಯಾಲ್ಷಿಯಂ ಚಾನೆಲ್ ಬ್ಲಾಕರ್‌ಗೆ ಟಿ46.1ಎಕ್ಸ್6ಎ. ಎರಡನೆಯದು ಯಾಕೆ ಬಿಟ್ಟರು ಎಂಬುದಕ್ಕೆ. ದುಡ್ಡಿಲ್ಲದೆ ಬಿಟ್ಟಿದ್ದರೆ ಝಡ್91.120, ಬೇರೆ ಕಾರಣಕ್ಕೆ ಬೇಕೆಂದೇ ಬಿಟ್ಟಿದ್ದರೆ ಝಡ್91.128, ವಯಸ್ಸಾಗಿ ಕೈಲಾಗದೆ ತಪ್ಪಿದ್ದರೆ ಝಡ್91.130. ಔಷಧಿ ಕಡಿಮೆ ಆದದ್ದನ್ನು ಹೇಳುವ ಈ ಅಂಡರ್‌ಡೋಸಿಂಗ್ ಕೋಡ್‌ಗಳು ಯಾವತ್ತೂ ಮೊದಲ ಸ್ಥಾನಕ್ಕೆ ಬರಬಾರದು. ತಂಬಾಕು ಬಳಕೆ ಬರೆದಿದ್ದರೆ ಅದಕ್ಕೂ ಕೋಡ್ ಸೇರಿಸಿ: ಚಟವಾದರೆ ಎಫ್17 ಗುಂಪು, ಬರೀ ಬಳಕೆಯಾದರೆ ಝಡ್72.0.

ಹಂತ 6: ಯಾವುದು ಮೊದಲು?

ಐ16 ಮತ್ತು ಅದರ ಜೊತೆಗಿನ ಬಿಪಿ ಕೋಡ್, ಇವೆರಡರಲ್ಲಿ ಯಾವುದು ಮೊದಲು ಎಂದು ನಿಯಮ ಕಟ್ಟುಹಾಕಿಲ್ಲ. ರೋಗಿ ಯಾಕೆ ಬಂದರು, ಯಾವುದಕ್ಕೆ ಚಿಕಿತ್ಸೆ ನಡೆಯಿತು ಎಂಬುದರ ಮೇಲೆ ನಿರ್ಧಾರ. ಆದರೆ ಐ13 ಮತ್ತು ಐ50ರ ನಡುವೆ ಆ ಸ್ವಾತಂತ್ರ್ಯ ಇಲ್ಲ, ಐ13 ಮುಂದೆ ಇರಲೇಬೇಕು.

ಇದೆಲ್ಲ ಒಂದು ಚಾರ್ಟ್‌ನಲ್ಲಿ ಹೇಗೆ ಕೂಡಿಬರುತ್ತದೆ ನೋಡೋಣ. ಇದು ಕಲಿಕೆಗಾಗಿ ಕಟ್ಟಿದ ಚಾರ್ಟ್. 58 ವರ್ಷದ ಗಂಡಸು, ಉಸಿರಾಡಲು ಕಷ್ಟ ಎಂದು ಬಂದಿದ್ದಾರೆ. ಬಿಪಿ 224/128. ಎಕ್ಸ್‌ರೇಯಲ್ಲಿ ಶ್ವಾಸಕೋಶದಲ್ಲಿ ನೀರು. ಹಿಂದಿನಿಂದಲೂ ಡಯಾಸ್ಟಾಲಿಕ್ ಹಾರ್ಟ್ ಫೇಲ್ಯೂರ್ ಮತ್ತು 3ಬಿ ಹಂತದ ಸಿಕೆಡಿ ಇದೆ. ದುಡ್ಡಿನ ತೊಂದರೆಯಿಂದ ಲಿಸಿನೊಪ್ರಿಲ್ ಬಿಟ್ಟಿದ್ದರು. ಡಿಸ್ಚಾರ್ಜ್ ಸಮ್ಮರಿಯಲ್ಲಿ ವೈದ್ಯರು ಬರೆದದ್ದು: ಹೈಪರ್‌ಟೆನ್ಸಿವ್ ಎಮರ್ಜೆನ್ಸಿ, ಅಕ್ಯೂಟ್ ಆನ್ ಕ್ರಾನಿಕ್ ಡಯಾಸ್ಟಾಲಿಕ್ ಹಾರ್ಟ್ ಫೇಲ್ಯೂರ್, ಎಕೆಐ. ಒಳಗಿದ್ದಷ್ಟು ದಿನವೂ ಮುಖ್ಯವಾಗಿ ನಡೆದದ್ದು ನೀರು ಇಳಿಸುವ ಚಿಕಿತ್ಸೆ.

ಬಿಪಿ, ಹೃದಯ, ಸಿಕೆಡಿ ಮೂರೂ ಇರುವುದರಿಂದ ಐ13.0 ಮೊದಲು. ಆಮೇಲೆ ಐ50.33, ಐ16.1, ಎಕೆಐಗೆ ಎನ್17.9, ಸಿಕೆಡಿ 3ಬಿಗೆ ಎನ್18.32, ಮಾತ್ರೆಗೆ ಟಿ46.4ಎಕ್ಸ್6ಎ, ಕಾರಣಕ್ಕೆ ಝಡ್91.120. ಐ10 ಎಲ್ಲೂ ಇಲ್ಲ, ಐ13ರೊಳಗೇ ಬಿಪಿ ಸೇರಿದೆ. ಸಮ್ಮರಿಯಿಂದ ‘ಎಮರ್ಜೆನ್ಸಿ’ ಎಂಬ ಒಂದೇ ಪದ ತೆಗೆದು ನೋಡಿ. ಬಿಪಿ ಅದೇ, ಎಕ್ಸ್‌ರೇ ಅದೇ, ರೋಗಿಯ ಕಷ್ಟವೂ ಅದೇ. ಆದರೆ ಐ16.1 ಪಟ್ಟಿಯಿಂದ ಹೋಗುತ್ತದೆ.

ಅನುಮಾನದ ಡಯಾಗ್ನೋಸಿಸ್ ಬಗ್ಗೆ ಒಂದು ಮಾತು. ಅಡ್ಮಿಟ್ ಆದ ರೋಗಿಯ ಡಿಸ್ಚಾರ್ಜ್ ಹೊತ್ತಿಗೆ ‘ಪ್ರಾಬಬಲ್ ಹೈಪರ್‌ಟೆನ್ಸಿವ್ ಎಮರ್ಜೆನ್ಸಿ’ ಎಂದು ಉಳಿದಿದ್ದರೆ ಅದನ್ನು ಖಚಿತ ಎಂಬಂತೆಯೇ ಕೋಡ್ ಮಾಡಬಹುದು. ಹೊರರೋಗಿ ವಿಭಾಗದಲ್ಲಿ ಹಾಗಿಲ್ಲ, ಅಲ್ಲಿ ಖಚಿತವಾಗಿ ತಿಳಿದಷ್ಟಕ್ಕೆ ಮಾತ್ರ ಕೋಡ್.

ಹಂತ 7: ಕ್ವೆರಿ ಬರೆಯುವ ರೀತಿ

ಕ್ವೆರಿ ಅಂದರೆ ವೈದ್ಯರ ಬಾಯಿಂದ ನಮಗೆ ಬೇಕಾದ ಪದ ಹೊರಡಿಸುವುದಲ್ಲ. ‘ಇದು ಹೈಪರ್‌ಟೆನ್ಸಿವ್ ಎಮರ್ಜೆನ್ಸಿ ಅಲ್ವಾ, ದಯವಿಟ್ಟು ಬರೆಯಿರಿ’ ಎಂದು ಕೇಳಿದರೆ ಅದು ಉತ್ತರವನ್ನು ತುತ್ತು ಮಾಡಿ ಬಾಯಿಗಿಟ್ಟಂತೆ. ಆಡಿಟ್‌ನಲ್ಲಿ ನಿಲ್ಲುವುದಿಲ್ಲ. ಯಾವ ಕೋಡ್‌ಗೆ ಎಷ್ಟು ಹಣ ಬರುತ್ತದೆ ಎಂಬ ಮಾತಂತೂ ಕ್ವೆರಿಯೊಳಗೆ ಸುಳಿಯಲೇಬಾರದು.

ಹೀಗೆ ಬರೆಯಬಹುದು: ‘ಬಂದಾಗ ಬಿಪಿ 224/128. ಕ್ರಿಯಾಟಿನಿನ್ 1.8ರಿಂದ 3.1ಕ್ಕೆ ಏರಿದೆ. ರಕ್ತನಾಳದ ಮೂಲಕ ನಿಕಾರ್ಡಿಪಿನ್ ಕೊಡಲಾಗಿದೆ. ನೋಟ್‌ನಲ್ಲಿ ಸಿವಿಯರ್ ಹೈಪರ್‌ಟೆನ್ಷನ್ ಎಂದಿದೆ. ನಿಮ್ಮ ವೈದ್ಯಕೀಯ ನಿರ್ಧಾರದಂತೆ ಈ ಸ್ಥಿತಿಯನ್ನು ಇನ್ನಷ್ಟು ಸ್ಪಷ್ಟಪಡಿಸಲು ಸಾಧ್ಯವೇ?’ ಕೆಳಗೆ ಆಯ್ಕೆಗಳು: ಹೈಪರ್‌ಟೆನ್ಸಿವ್ ಎಮರ್ಜೆನ್ಸಿ, ಹೈಪರ್‌ಟೆನ್ಸಿವ್ ಅರ್ಜೆನ್ಸಿ, ಕ್ರೈಸಿಸ್ ಇಲ್ಲದ ಹೈಪರ್‌ಟೆನ್ಷನ್, ಬೇರೆ ಏನಾದರೂ, ನಿರ್ಧರಿಸಲು ಆಗುವುದಿಲ್ಲ. ಕೊನೆಯ ಎರಡು ಆಯ್ಕೆ ಬಿಟ್ಟರೆ ಕ್ವೆರಿ ಒಂದು ಕಡೆಗೆ ವಾಲಿದೆ ಎಂಬ ಮಾತು ಬರುತ್ತದೆ.

ಗರ್ಭಿಣಿ ಆಗಿದ್ದರೆ

ಮೇಲಿನ ಬಹುಪಾಲು ನಿಯಮಗಳನ್ನು ಪಕ್ಕಕ್ಕಿಟ್ಟು, ಗರ್ಭಿಣಿಯರ ಕೋಡ್‌ಗಳಿರುವ 15ನೇ ಅಧ್ಯಾಯಕ್ಕೆ ಹೋಗಿ. ಗರ್ಭಿಣಿಯರಲ್ಲಿ 160/110 ತಲುಪಿದರೇ ವೈದ್ಯರು ಅದನ್ನು ತೀವ್ರ ಎನ್ನುತ್ತಾರೆ, 180ರವರೆಗೆ ಕಾಯುವುದಿಲ್ಲ. ಮೊದಲಿಂದಲೂ ಬಿಪಿ ಇದ್ದವರಿಗೆ ಓ10, ಅದರ ಮೇಲೆ ಪ್ರಿಎಕ್ಲಾಂಪ್ಸಿಯಾ (ಗರ್ಭಿಣಿಯರಲ್ಲಿ ಬಿಪಿ ಏರಿ ಅಂಗಾಂಗಗಳಿಗೂ ತೊಂದರೆ ಕೊಡುವ ಕಾಯಿಲೆ) ಸೇರಿಕೊಂಡರೆ ಓ11, ಗರ್ಭದ ಸಮಯದಲ್ಲೇ ಶುರುವಾದದ್ದಕ್ಕೆ ಓ13, ತೀವ್ರ ಪ್ರಿಎಕ್ಲಾಂಪ್ಸಿಯಾಗೆ ಓ14.1, ಫಿಟ್ಸ್ ಬಂದು ಎಕ್ಲಾಂಪ್ಸಿಯಾ ಆದರೆ ಓ15. ಬಹುತೇಕ ಕಡೆ ಕೊನೆಯಲ್ಲಿ ಎಷ್ಟನೇ ತ್ರೈಮಾಸಿಕ ಎಂಬ ಅಂಕಿ ಬೇಕು. ಈ ಅಧ್ಯಾಯದ ಕೋಡ್‌ಗಳು ಉಳಿದ ಅಧ್ಯಾಯಗಳ ಕೋಡ್‌ಗಳಿಗಿಂತ ಮುಂದೆ ಬರುತ್ತವೆ.

ಸಲ್ಲಿಸುವ ಮುನ್ನ

ಇಂಡೆಕ್ಸ್‌ನಲ್ಲಿ ಸಿಕ್ಕ ಕೋಡ್ ಅನ್ನು ಟ್ಯಾಬ್ಯುಲರ್ ಲಿಸ್ಟ್‌ನಲ್ಲಿ (ಕೋಡ್‌ಗಳ ಕ್ರಮದಲ್ಲಿರುವ ಪಟ್ಟಿಯಲ್ಲಿ) ತೆರೆದು ಅದರ ಕೆಳಗಿನ ಸೂಚನೆಗಳನ್ನು ಓದಿ. ಜೊತೆಗೆ ಏನು ಹಾಕಬೇಕು, ಯಾವುದು ಮೊದಲು, ಯಾವುದನ್ನು ಒಟ್ಟಿಗೆ ಹಾಕಬಾರದು ಎಲ್ಲ ಅಲ್ಲೇ ಇರುತ್ತದೆ. ಕೋಡ್ ಹುಡುಕಿಕೊಡುವ ಎನ್‌ಕೋಡರ್ ಸಾಫ್ಟ್‌ವೇರ್ ಇದ್ದರೂ ಈ ಅಭ್ಯಾಸ ಬಿಡಬೇಡಿ. ಐ16 ಇದ್ದರೆ ಬಿಪಿ ಕೋಡ್ ಜೊತೆಗಿದೆಯಾ, ಐ12 ಅಥವಾ ಐ13 ಇದ್ದರೆ ಎನ್18 ಇದೆಯಾ ಎಂದು ಒಮ್ಮೆ ಕಣ್ಣಾಡಿಸಿ.

ದಿನಾಂಕವನ್ನೂ ನೋಡಿ. ಐಸಿಡಿ-10-ಸಿಎಂ ಪ್ರತಿ ವರ್ಷ ಅಕ್ಟೋಬರ್ 1ಕ್ಕೆ ಬದಲಾಗುತ್ತದೆ, ಕೆಲವೊಮ್ಮೆ ಏಪ್ರಿಲ್ 1ಕ್ಕೂ ಬದಲಾವಣೆ ಬರುತ್ತದೆ. ಅಡ್ಮಿಟ್ ಆದವರಿಗೆ ಡಿಸ್ಚಾರ್ಜ್ ಆದ ದಿನದಂದು ಜಾರಿಯಲ್ಲಿದ್ದ ಕೋಡ್‌ಗಳು, ಹೊರರೋಗಿಗಳಿಗೆ ನೋಡಿದ ದಿನದವು. ಸೆಪ್ಟೆಂಬರ್ 28ಕ್ಕೆ ಸೇರಿ ಅಕ್ಟೋಬರ್ 3ಕ್ಕೆ ಮನೆಗೆ ಹೋದ ರೋಗಿಗೆ ಹೊಸ ವರ್ಷದ ಪುಸ್ತಕವೇ ತೆರೆಯಬೇಕು.